ಗುಡ್ಡ ಯಾರಿಗೆ? ಗಣಿ ಗುತ್ತಿಗೆಯ ಕೋರ್ಟ್ ಜಗಳ ನಮಗೆ ಕಲಿಸುವ ಪಾಠ



ಕುಷ್ಟಗಿ ತಾಲ್ಲೂಕಿನ ಒಂದು ಊರಿಗೆ ಸಂಘದ ಸಭೆಗೆಂದು ಹೋಗಿದ್ದಾಗ ಒಬ್ಬ ಅಕ್ಕ ನಮ್ಮನ್ನು ಕೇಳಿದರು: “ಸಿಸ್ಟರ್, ಗುಡ್ಡ ಸರಕಾರದ್ದು. ಸರಕಾರ ತನಗ ಬೇಕಾದವರಿಗೆ ಕೊಡ್ತೈತಿ. ಅದಕ್ಕ್ಯಾಕ ಕೋರ್ಟು ಕಚೇರಿ?” ಅವರ ಮನೆಯ ಗೋಡೆ ಕಲ್ಲು ಕ್ವಾರಿಯ ಸಿಡಿತಕ್ಕೆ ಬಿರುಕು ಬಿಟ್ಟಿತ್ತು. “ಅರ್ಜಿ ಕೊಟ್ಟೀರೇನು?” ಎಂದೆವು. “ಬಾಯಿಲೆ ಹೇಳೀವ್ರಿ” ಎಂದರು. ಆ ಎರಡು ಮಾತುಗಳೇ ಈ ತಿಂಗಳ ವಿಷಯ.

ಗುತ್ತಿಗೆ ಎಂದರೇನು?

ಸರಕಾರಿ ಜಮೀನಿನಲ್ಲಿರುವ ಅದಿರು, ಕಲ್ಲು, ಉಸುಕು ಸರಕಾರಕ್ಕೆ ಸೇರಿದ್ದು, ಅಂದರೆ ನಮ್ಮೆಲ್ಲರದು. ಗುತ್ತಿಗೆ ಪಡೆದವನು ಗುಡ್ಡದ ಮಾಲೀಕನಲ್ಲ. ಇಷ್ಟು ವರ್ಷ, ಇಷ್ಟು ಜಾಗದಲ್ಲಿ, ಇಂಥ ಷರತ್ತಿನ ಮೇಲೆ ತೆಗೆದುಕೋ ಎಂದು ಸರಕಾರ ಅವನಿಗೆ ಹಕ್ಕು ಕೊಡುತ್ತದೆ. ತೆಗೆದ ಮಾಲಿಗೆ ಅವನು ರಾಜಧನ ಕಟ್ಟಬೇಕು. ಕಬ್ಬಿಣದ ಅದಿರಿನಂಥ ಖನಿಜಕ್ಕೆ ಕೇಂದ್ರ ಸರಕಾರದ 1957ರ ಕಾಯ್ದೆ ಇದೆ. ಉಸುಕು, ಗ್ರಾನೈಟ್, ಜಲ್ಲಿ ಕಲ್ಲು ನಮ್ಮ ರಾಜ್ಯದ 1994ರ ನಿಯಮಗಳ ಕೆಳಗೆ ಬರುತ್ತವೆ. ಸರಕಾರವೂ ಈ ನಿಯಮ ದಾಟುವಂತಿಲ್ಲ. ದಾಟಿದರೆ ಜಗಳ ಕೋರ್ಟಿಗೆ ಹೋಗುತ್ತದೆ.

ಸಂಡೂರಿನ ಗುಡ್ಡದ ಕೇಸು

ನಮ್ಮ ಪಕ್ಕದ ಬಳ್ಳಾರಿ ಜಿಲ್ಲೆಯ ಸಂಡೂರಿನಲ್ಲಿ ಕುಮಾರಸ್ವಾಮಿ ಬೆಟ್ಟದ ಸಾಲು ಇದೆ. ಅಲ್ಲಿನ ಕಬ್ಬಿಣದ ಅದಿರಿನ ಜಾಗಕ್ಕೆ ಅರ್ಜಿ ಹಾಕಿರಿ ಎಂದು ರಾಜ್ಯ ಸರಕಾರ 2003ರ ಮಾರ್ಚ್ 15ರಂದು ಪ್ರಕಟಣೆ ಹೊರಡಿಸಿತು. ಅನೇಕ ಕಂಪನಿಗಳು ಅರ್ಜಿ ಹಾಕಿದವು. 2004ರ ಡಿಸೆಂಬರಿನಲ್ಲಿ ಸರಕಾರ ಜಿಂದಾಲ್ ಮತ್ತು ಕಲ್ಯಾಣಿ ಸ್ಟೀಲ್ಸ್ ಹೆಸರನ್ನು ಕೇಂದ್ರಕ್ಕೆ ಶಿಫಾರಸು ಮಾಡಿತು. ಕಲ್ಯಾಣಿ ಎಂದರೆ ನಮ್ಮ ಕೊಪ್ಪಳದ ಗಿಣಿಗೇರಿಯಲ್ಲಿ ಉಕ್ಕಿನ ಕಾರ್ಖಾನೆ ಇರುವ ಕಂಪನಿ. ಕಾರ್ಖಾನೆ ನಡೆಸುವವರಿಗೆ ಅದಿರು ಬೇಕು, ಮೊದಲೇ ಮಾತು ಕೊಟ್ಟಿದ್ದೇವೆ ಎಂಬುದು ಸರಕಾರದ ವಾದ. ಸಂಡೂರು ಮ್ಯಾಂಗನೀಸ್ ಕಂಪನಿ ಇದನ್ನು ಒಪ್ಪದೆ ಹೈಕೋರ್ಟಿಗೆ ಹೋಯಿತು.

ನಮ್ಮ ಸಂಘದ ಲೆಕ್ಕದಲ್ಲಿ ನೋಡೋಣ. ಸಾಲಕ್ಕೆ ಇವತ್ತಿನಿಂದ ಅರ್ಜಿ ಕೊಡಿ, ಇಂಥ ನಿಯಮದಂತೆ ಕೊಡುತ್ತೇವೆ ಎಂದು ಠರಾವು ಬರೆದಿರಿ. ಕೊನೆಗೆ ಪ್ರತಿನಿಧಿ ಅಕ್ಕ ಎದ್ದು, “ಇವರಿಬ್ಬರಿಗೆ ನಾನು ಮೊದಲೇ ಮಾತು ಕೊಟ್ಟೀನಿ, ಇವರ ಮನ್ಯಾಗ ಹೊಲಿಗೆ ಮಷಿನ್ ಐತಿ” ಎಂದು ದುಡ್ಡೆಲ್ಲ ಅವರಿಗೇ ಕೊಟ್ಟರೆ? ಆ ಇಬ್ಬರೂ ಒಳ್ಳೆಯವರೇ ಇರಬಹುದು. ಆದರೂ ಉಳಿದವರು ಸುಮ್ಮನಿರುತ್ತಾರೆಯೇ?

2008ರಲ್ಲಿ ಹೈಕೋರ್ಟಿನ ಏಕ ನ್ಯಾಯಾಧೀಶರು ಶಿಫಾರಸನ್ನು ರದ್ದು ಮಾಡಿದರು. 2009ರಲ್ಲಿ ಅದೇ ಹೈಕೋರ್ಟಿನ ದ್ವಿಸದಸ್ಯ ಪೀಠ ಆ ತೀರ್ಪನ್ನು ತಳ್ಳಿಹಾಕಿತು. 2010ರ ಸೆಪ್ಟೆಂಬರ್ 13ರಂದು ಸುಪ್ರೀಂ ಕೋರ್ಟ್ ಶಿಫಾರಸು ಸರಿಯಲ್ಲ ಎಂದು ಹೇಳಿತು. ಪ್ರಕಟಣೆಗೆ ಮೊದಲೇ ಬಂದ ಅರ್ಜಿಗಳನ್ನು ಲೆಕ್ಕಕ್ಕೆ ಹಿಡಿಯುವಂತಿಲ್ಲ, ಕಾಯ್ದೆಯಲ್ಲಿ ಇಲ್ಲದ ಕಾರಣ ಕೊಟ್ಟು ಆಯ್ಕೆ ಮಾಡುವಂತಿಲ್ಲ ಎಂಬುದು ತೀರ್ಪಿನ ಸಾರ. ಯಾವ ಕಂಪನಿ ದೊಡ್ಡದು ಎಂದು ಕೋರ್ಟ್ ಕೇಳಲಿಲ್ಲ. ಹೇಳಿದ ನಿಯಮದಂತೆ ನಡೆದಿರಾ ಎಂದು ಕೇಳಿತು. ಪ್ರಕಟಣೆಯಿಂದ ತೀರ್ಪಿಗೆ ಏಳು ವರ್ಷ ಹಿಡಿಯಿತು.

ಉಸುಕಿನ ಕೇಸು

ಗಂಗಾವತಿ ಕಡೆಯ ತುಂಗಭದ್ರಾ ದಂಡೆಯವರಿಗೆ ಇದು ಮುಖ್ಯ. ಹರಿಯಾಣ ಸರಕಾರ 2011ರಲ್ಲಿ ಉಸುಕು, ಗರಸು, ದಪ್ಪ ಕಲ್ಲು ತೆಗೆಯಲು ಹರಾಜು ಕರೆಯಿತು. ಒಂದೊಂದು ತುಂಡೂ ನಾಲ್ಕೂವರೆ ಹೆಕ್ಟೇರ್ ಮೀರದಂತೆ ಮಾಡಿತ್ತು. ಯಾಕೆಂದರೆ ಐದು ಹೆಕ್ಟೇರಿಗಿಂತ ಕಡಿಮೆ ಇದ್ದರೆ ಆಗ ಪರಿಸರ ಅನುಮತಿ ಬೇಕಿರಲಿಲ್ಲ. ಈ ಹರಾಜನ್ನು ಪ್ರಶ್ನಿಸಿದ ದೀಪಕ್ ಕುಮಾರ್ ಪ್ರಕರಣದಲ್ಲಿ 2012ರ ಫೆಬ್ರವರಿ 27ರಂದು ಸುಪ್ರೀಂ ಕೋರ್ಟ್, ಐದು ಹೆಕ್ಟೇರಿಗಿಂತ ಚಿಕ್ಕ ಜಾಗಕ್ಕೂ ಪರಿಸರ ಅನುಮತಿ ಬೇಕೇ ಬೇಕು ಎಂದಿತು. ಹೊಳೆಯನ್ನು ತುಂಡು ತುಂಡು ಮಾಡಿದರೂ ಹೊಳೆ ಒಂದೇ ಅಲ್ಲವೇ? ಉಸುಕು ಹೋದರೆ ಅಂತರ್ಜಲ ಇಳಿಯುತ್ತದೆ, ಕೊಡ ಹಿಡಿದು ದೂರ ನಡೆಯುವವರು ನಾವೇ.

ತಪ್ಪು ಯಾರದು, ಪೆಟ್ಟು ಯಾರಿಗೆ?

ಗುತ್ತಿಗೆ ಕೊಟ್ಟ ಮೇಲೂ ಕಣ್ಣಿಡಬೇಕು. ಬಳ್ಳಾರಿಯಲ್ಲಿ ಗಡಿ ಮೀರಿ, ಕಾಡು ಕೆಡಿಸಿ ಅದಿರು ತೆಗೆದರು. 2011ರ ಜುಲೈ 29ರಂದು ಸುಪ್ರೀಂ ಕೋರ್ಟ್ ಆ ಜಿಲ್ಲೆಯ ಗಣಿಗಾರಿಕೆಯನ್ನೇ ನಿಲ್ಲಿಸಿತು. 2013ರ ಏಪ್ರಿಲ್ 18ರಂದು, ಅತಿ ಹೆಚ್ಚು ತಪ್ಪು ಮಾಡಿದ ಗಣಿಗಳ ಗುತ್ತಿಗೆ ರದ್ದಾಯಿತು. ಗಡಿಯ ಕಲ್ಲು ಕಿತ್ತಿದ್ದು ದೊಡ್ಡವರು. ಕೆಲಸ ಹೋಗಿದ್ದು ಲಾರಿ ಡ್ರೈವರನಿಗೆ, ಹಮಾಲಿಗೆ, ಗಣಿ ಮುಂದೆ ಚಹಾ ಮಾರುವ ಅಕ್ಕನಿಗೆ. ಮೊದಲೇ ನಿಯಮ ಪಾಲಿಸಿದ್ದರೆ ಅವರ ಹೊಟ್ಟೆಗೆ ಏಟು ಬೀಳುತ್ತಿರಲಿಲ್ಲ.

2015ರ ಜನವರಿಯಲ್ಲಿ ಕೇಂದ್ರದ ಕಾಯ್ದೆ ಬದಲಾಯಿತು. ಕಬ್ಬಿಣದ ಅದಿರಿನಂಥ ಖನಿಜದ ಹೊಸ ಗುತ್ತಿಗೆಯನ್ನು ಹರಾಜಿನಲ್ಲೇ ಕೊಡಬೇಕು. ಗಣಿಯಿಂದ ಬಾಧೆಗೊಳಗಾದ ಜನರಿಗಾಗಿ ಜಿಲ್ಲಾ ಖನಿಜ ಪ್ರತಿಷ್ಠಾನದ ನಿಧಿಯೂ ಬಂತು. ಕುಡಿಯುವ ನೀರು, ಆರೋಗ್ಯ, ಶಿಕ್ಷಣ, ಮಹಿಳೆ ಮತ್ತು ಮಕ್ಕಳ ಕಲ್ಯಾಣಕ್ಕೆ ಇದನ್ನು ಬಳಸಬೇಕು. ಆದರೆ ಹರಾಜು ಹೆಚ್ಚು ದುಡ್ಡು ಕೊಡುವವರನ್ನು ಹುಡುಕುತ್ತದೆ ಅಷ್ಟೇ. ಧೂಳು ಯಾರ ಮನೆಗೆ ಬರುತ್ತದೆ ಎಂದು ಅದು ಕೇಳುವುದಿಲ್ಲ. ಅದನ್ನು ನಾವೇ ಹೇಳಬೇಕು.

ನಾವು ಏನು ಮಾಡಬಹುದು?

1. ಗ್ರಾಮಸಭೆಯಲ್ಲಿ ಕ್ವಾರಿಯ ವಿಷಯ ಎತ್ತಿರಿ. ಹೇಳಿದ್ದು ನಡಾವಳಿಯಲ್ಲಿ ಬಂತೇ ಎಂದು ಓದಿಸಿ ಕೇಳಿರಿ, ಆಮೇಲೆ ಸಹಿ ಹಾಕಿರಿ.

2. ದೊಡ್ಡ ಗಣಿಗೆ ಪರಿಸರ ಅನುಮತಿ ಕೊಡುವ ಮುಂಚೆ ಸಾರ್ವಜನಿಕ ಅಹವಾಲು ಸಭೆ ನಡೆಯುತ್ತದೆ. ಗುಂಪಾಗಿ ಹೋಗಿರಿ. ತಕರಾರನ್ನು ಬರೆದು ಕೊಟ್ಟು ಸ್ವೀಕೃತಿ ಪಡೆಯಿರಿ.

3. ಗುತ್ತಿಗೆ ಯಾರಿಗೆ, ಎಷ್ಟು ಜಾಗಕ್ಕೆ, ಎಷ್ಟು ವರ್ಷಕ್ಕೆ ಎಂದು ಗಣಿ ಮತ್ತು ಭೂವಿಜ್ಞಾನ ಇಲಾಖೆಗೆ ಮಾಹಿತಿ ಹಕ್ಕಿನ ಅರ್ಜಿ ಹಾಕಿರಿ. ಶುಲ್ಕ 10 ರೂಪಾಯಿ. ಬಡತನ ರೇಖೆಯ ಕೆಳಗಿನವರಿಗೆ ಶುಲ್ಕವಿಲ್ಲ. 30 ದಿನದೊಳಗೆ ಉತ್ತರ ಬರಬೇಕು.

4. ವಕೀಲರಿಗೆ ಕೊಡಲು ದುಡ್ಡಿಲ್ಲ ಎಂದು ಹಿಂಜರಿಯಬೇಡಿ. 1987ರ ಕಾನೂನು ಸೇವೆಗಳ ಕಾಯ್ದೆಯಂತೆ ಎಲ್ಲ ಮಹಿಳೆಯರಿಗೂ, ಆದಾಯ ಎಷ್ಟೇ ಇರಲಿ, ಉಚಿತ ಕಾನೂನು ನೆರವು ಉಂಟು. ಕೊಪ್ಪಳದ ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರಕ್ಕೆ ಅಥವಾ ತಾಲ್ಲೂಕು ಕೋರ್ಟಿನಲ್ಲಿರುವ ಸಮಿತಿಗೆ ಅರ್ಜಿ ಕೊಡಿ.

ಸಂಡೂರಿನ ಕೇಸಿನಲ್ಲಿ ವಾದಿಸಿದ್ದು ಕಂಪನಿಗಳು ಮತ್ತು ಸರಕಾರ. ಗುಡ್ಡ ಯಾರಿಗೆ ಎಂಬುದೇ ಪ್ರಶ್ನೆ. ಗುಡ್ಡದ ಕೆಳಗೆ ಇರುವವರ ಕಷ್ಟ ಕೋರ್ಟಿಗೆ ಕಾಣಬೇಕಾದರೆ ಅದು ಮೊದಲೇ ಕಾಗದದ ಮೇಲೆ ಇರಬೇಕು. ಬಾಯಿಲೆ ಹೇಳಿದ್ದು ಗಾಳಿಗೆ ಹೋಗುತ್ತದೆ, ಬರೆದದ್ದು ಫೈಲಿನಲ್ಲಿ ಉಳಿಯುತ್ತದೆ.

ಕುಷ್ಟಗಿಯ ಆ ಅಕ್ಕ ಈಗ ಅರ್ಜಿ ಬರೆಸಿದ್ದಾರೆ. ಹನ್ನೊಂದು ಜನ ಸಹಿ ಹಾಕಿದ್ದಾರೆ, ಇಬ್ಬರು ಹೆಬ್ಬೆಟ್ಟು ಒತ್ತಿದ್ದಾರೆ. ಉತ್ತರ ಇನ್ನೂ ಬಂದಿಲ್ಲ. ಸ್ವೀಕೃತಿ ಚೀಟಿ ಮಾತ್ರ ಸಂಘದ ಪೆಟ್ಟಿಗೆಯಲ್ಲಿ ಭದ್ರವಾಗಿದೆ.

ಸಭೆಯಲ್ಲಿ ಚರ್ಚಿಸಿರಿ: ನಮ್ಮ ಊರ ಸುತ್ತ ಯಾವ ಗುತ್ತಿಗೆಗಳಿವೆ? ಅವುಗಳ ಕಾಗದ ನಮ್ಮಲ್ಲಿ ಯಾರಾದರೂ ನೋಡಿದ್ದೇವೆಯೇ?