ಕಂಪನಿ ಗಂಟಲು, ಮುಂಬೈ ಮೈಕು

ಬನದ ಹುಣ್ಣಿಮೆ ಬಂತೆಂದರೆ ಕೆರೂರ ಸುತ್ತಿನ ಹಳ್ಳಿಗಳ ಜನ ಬನಶಂಕರಿ ಜಾತ್ರೆಗೆ ಹೋಗುವುದು ದೇವಿ ದರ್ಶನಕ್ಕಷ್ಟೇ ಅಲ್ಲ, ನಾಟಕಕ್ಕೂ. ತೇರು ಎಳೆದು ವಾರಗಳಾದರೂ ಕಂಪನಿಗಳ ಥೇಟರು ಕಿತ್ತಿರುವುದಿಲ್ಲ. ಈಗ ಹಾಸ್ಯಕ್ಕೇ ಹೆಚ್ಚು ಚಪ್ಪಾಳೆ, ಇರಲಿ. ಒಂದು ಕಾಲಕ್ಕೆ ನಾಟಕವೆಂದರೆ ಹಾಡು. ಮೈಕಿಲ್ಲ. ಕಾಲಪೆಟ್ಟಿಗೆ, ತಬಲಾಗಳ ಸದ್ದನ್ನು ದಾಟಿ ನೆಲದ ಮೇಲೆ ಕುಂತ ಕೊನೆಯ ಸಾಲಿನವನಿಗೂ ಮಾತು ಬಿಡಿಬಿಡಿಯಾಗಿ ಮುಟ್ಟಬೇಕು. ಅದಕ್ಕೇ ಆ ಎತ್ತರದ ಶ್ರುತಿ, ಆ ಬಿಚ್ಚು ಗಂಟಲು. ‘ವನ್ಸ್ ಮೋರ್’ ಕೂಗು ಬಿದ್ದರೆ ಸತ್ತ ಪಾತ್ರವೂ ಎದ್ದು ಹಾಡಬೇಕು!

ಅಂಥದೊಂದು ಗಂಟಲು ಹಿಂದಿ ಸಿನಿಮಾಕ್ಕೆ ದಕ್ಕಿದ್ದು ಬೀಳಗಿಯಿಂದ. ಅಮೀರಬಾಯಿ ಕರ್ನಾಟಕಿ ಮತ್ತು ಅಕ್ಕ ಗೋಹರಬಾಯಿ ನಾಟಕ, ಸಂಗೀತದ ನಡುವೆಯೇ ಬೆಳೆದವರು. ಗೋಹರಬಾಯಿ ಮರಾಠಿ ರಂಗಭೂಮಿಯ ಬಾಲಗಂಧರ್ವರ ಕಂಪನಿ ಸೇರಿದರು. ಅಮೀರಬಾಯಿ ಸಿನಿಮಾ ಹಿಡಿದರು. 1943ರ ‘ಕಿಸ್ಮತ್’ ಕಲ್ಕತ್ತದ ರಾಕ್ಸಿ ಟಾಕೀಸಿನಲ್ಲಿ ಮೂರು ವರ್ಷ ಮೀರಿ ಓಡಿತು. ಅನಿಲ್ ಬಿಸ್ವಾಸ್ ಸಂಗೀತದ ಆ ಚಿತ್ರದ ಹಾಡುಗಳಲ್ಲಿ ಮೆರೆದದ್ದು ಇದೇ ದನಿ. ಮರುವರ್ಷ ನೌಷಾದರ ‘ರತನ್’. ಅದರ ವಿರಹದ ಹಾಡು ಕೇಳಿ ನೋಡಿ: ಗುನುಗುವುದೆಂಬುದೇ ಇಲ್ಲ, ದುಃಖವನ್ನೂ ಎದುರು ನಿಂತವರಿಗೆ ಹೇಳಿದ ಹಾಗೆ ಹಾಡಿದ್ದಾರೆ.

ಎರಡನೇ ಮಹಾಯುದ್ಧ ಮುಗಿದ ಮೇಲೂ ಬೇಡಿಕೆ ಕುಗ್ಗಲಿಲ್ಲ. 1947ರಲ್ಲಿ ‘ಶಹನಾಯಿ’, ‘ಸಿಂಧೂರ್’. 1948ರ ‘ಶಹನಾಜ್’ಗೆ ಸ್ವತಃ ಸಂಗೀತ ಕೊಟ್ಟರು, ಆಗ ಹಾಗೆ ಮಾಡಿದ ಹೆಂಗಸರು ಬೆರಳೆಣಿಕೆಯಷ್ಟು. ತಿರುವು ಬಂದದ್ದು 1949ರಲ್ಲಿ. ‘ಸಿಂಧೂರ್’ನಲ್ಲಿ ಅಮೀರಬಾಯಿಯಿಂದ ಹಾಡಿಸಿದ್ದ ಖೇಮಚಂದ್ ಪ್ರಕಾಶ್ ‘ಮಹಲ್’ಗೆ ಲತಾ ಮಂಗೇಶ್ಕರರನ್ನು ಕರೆದರು. ಸಣ್ಣ ದನಿಯನ್ನು ಮೈಕು ಎತ್ತಿ ಹಿಡಿಯಬಲ್ಲದೆಂದು ಗೊತ್ತಾದ ಮೇಲೆ ಕಂಪನಿ ಗಂಟಲು ಯಾರಿಗೆ ಬೇಕು?

ಅತ್ತ ಜಪಾನಿನಲ್ಲಿ ಅದೇ ವರ್ಷ ಬೇರೆಯೇ ಆಯಿತು. ಶೋಚಿಕು ಸಂಸ್ಥೆಯ ‘ಕನಶಿಕಿ ಕುಚಿಬುಎ’ ಚಿತ್ರದಲ್ಲಿ 12ರ ಹುಡುಗಿ ಮಿಸೊರಾ ಹಿಬಾರಿ ಗಂಡಸರ ಟೋಪಿ, ಕೋಟು ತೊಟ್ಟು ದೊಡ್ಡವರ ತುಂಬುದನಿಯಲ್ಲಿ ಹಾಡಿದಳು. ಯುದ್ಧದಲ್ಲಿ ಅಗಲಿದ ಅಣ್ಣ-ತಂಗಿಯನ್ನು ಒಂದು ಹಾಡು ಕೂಡಿಸುವ ಕಥೆ. ನಮ್ಮ ಕಂಪನಿಯವರು ಕೇಳಿದ್ದರೆ ಮರುದಿನವೇ ಆಡುತ್ತಿದ್ದರು. ಅಲ್ಲಿ ತುಂಬು ಗಂಟಲು ಹೊಸ ಕಾಲದ ದನಿಯಾಯಿತು, ಮುಂಬೈಯಲ್ಲಿ ಹಳೆಯದೆನಿಸಿತು. ಅಮೀರಬಾಯಿ ದನಿಯಲ್ಲಿ ಕೊರತೆಯಿತ್ತೆಂದು ನಾನಂತೂ ಒಪ್ಪಲಾರೆ.

ಆಮೇಲೆ ಅವರು ಹಾಡಿದ್ದಕ್ಕಿಂತ ಪೋಷಕ ಪಾತ್ರ ಮಾಡಿದ್ದೇ ಹೆಚ್ಚು. 1965ರಲ್ಲಿ ತೀರಿಕೊಂಡರು. ವಿಜಯಪುರದ ಅಮೀರ್ ಟಾಕೀಸಿಗೆ ಅವರದೇ ಹೆಸರು. ಅವರ ಬದುಕನ್ನು ಹುಡುಕಿ ಕನ್ನಡದಲ್ಲಿ ಪುಸ್ತಕ ಮಾಡಿದವರು ರಹಮತ್ ತರೀಕೆರೆ.