ಅಲ್ಫೊನ್ಸೊ: ದೊರೆಗಳ ಹೆಸರು, ಹಣ್ಣಿನ ಹೆಸರು

ಸ್ಪೇನಿನ ಸೆವಿಲ್ಯಾ ನಗರದಲ್ಲಿ ಬಸ್ಸಿನ ಮೇಲೆ, ಚರಂಡಿಯ ಮುಚ್ಚಳದ ಮೇಲೆ, ನಗರಸಭೆಯ ಬಾವುಟದ ಮೇಲೆ ಒಂದು ಒಗಟು ಕಣ್ಣಿಗೆ ಬೀಳುತ್ತದೆ. ಮೊದಲು 'ನೋ', ಕೊನೆಗೆ 'ದೋ', ನಡುವೆ ಎಂಟರ ಅಂಕಿಯಂತೆ ಸುತ್ತಿದ ನೂಲಿನ ಲಡಿ. ಲಡಿಗೆ ಸ್ಪ್ಯಾನಿಷ್ ಭಾಷೆಯಲ್ಲಿ 'ಮಾದೆಹಾ' ಎನ್ನುತ್ತಾರೆ. ಕೂಡಿಸಿ ಓದಿದರೆ 'ನೋ ಮಾದೆಹಾದೋ'. ಕಿವಿಗೆ ಅದು 'ನೋ ಮೆ ಆ ದೆಹಾದೋ' ಎಂದೇ ಕೇಳುತ್ತದೆ, ಅಂದರೆ "ಈ ಊರು ನನ್ನ ಕೈಬಿಡಲಿಲ್ಲ". 1282ರಲ್ಲಿ ಹೆತ್ತ ಮಗನೇ ತಿರುಗಿಬಿದ್ದಾಗ, ಜೊತೆಗಿದ್ದವರೆಲ್ಲ ಒಬ್ಬೊಬ್ಬರಾಗಿ ಜಾರಿಕೊಂಡಾಗ, ತನ್ನ ಪರ ನಿಂತ ಸೆವಿಲ್ಯಾಕ್ಕೆ ಮುದಿ ದೊರೆಯೊಬ್ಬ ಕೊಟ್ಟ ಬಿರುದು ಇದು ಎಂದು ಆ ಊರಿನವರು ಹೇಳುತ್ತಾರೆ. ಚರಿತ್ರಕಾರರು ಈ ಕಥೆಗೆ ಮುದ್ರೆ ಒತ್ತುವುದಿಲ್ಲ. ಊರು ಅದನ್ನು ಬಿಟ್ಟುಕೊಡುವುದೂ ಇಲ್ಲ.

ಆ ದೊರೆ ಕಾಸ್ತೀಲಿನ ಹತ್ತನೆಯ ಅಲ್ಫೊನ್ಸೊ. ಹತ್ತನೆಯವನು ಎಂದ ಮೇಲೆ ಹಿಂದೆ ಒಂಬತ್ತು ಮಂದಿ ಇರಬೇಕು. ಇದ್ದರು. ಮುಂದೆ ಇನ್ನೂ ಮೂವರು ಬಂದರು. ಇದು ಕಾಸ್ತೀಲ್ ಮತ್ತು ಲೆಯೊನ್‌ ಸಾಲಿನ ಲೆಕ್ಕ ಮಾತ್ರ. ಪಕ್ಕದ ಅರಗೊನಿನಲ್ಲಿ ಬೇರೆ ಐವರು, ಪೋರ್ಚುಗಲ್ಲಿನಲ್ಲಿ 'ಲ'ಕಾರ ನುಂಗಿದ 'ಅಫೊನ್ಸೊ'ಗಳು ಆರು ಜನ. ಐಬೀರಿಯಾ ಪರ್ಯಾಯದ್ವೀಪದ ಸಿಂಹಾಸನಗಳ ಮೇಲೆ ಇಷ್ಟು ಸಲ ಕೂತ ಹೆಸರು ಅಪರೂಪ.

ಹೀಗಿದ್ದೂ ಇದು ಸ್ಪ್ಯಾನಿಷ್ ಮಾತಲ್ಲ, ಅದರ ತಾಯಿಯಾದ ಲ್ಯಾಟಿನ್ನೂ ಅಲ್ಲ. ರೋಮ್ ಸಾಮ್ರಾಜ್ಯ ಕುಸಿದಾಗ ಉತ್ತರದಿಂದ ಬಂದು ಸ್ಪೇನನ್ನು ಆಳಿದ ವಿಸಿಗೋಥರು ಜರ್ಮನ್ ಬಳಗದ ಭಾಷೆಯವರು. ಅವರಲ್ಲಿ ಎರಡು ಪದ ಜೋಡಿಸಿ ಹೆಸರಿಡುವ ರೂಢಿಯಿತ್ತು, ನಮ್ಮಲ್ಲಿ ವೀರಭದ್ರ, ರಣಧೀರ ಎಂದು ಇಟ್ಟ ಹಾಗೆ. ಅಲ್ಫೊನ್ಸೊವಿನ ಉತ್ತರಾರ್ಧ 'ಫುನ್ಸ್'. ಅಂದರೆ ಸಿದ್ಧ, ಹೊರಡಲು ತುದಿಗಾಲಲ್ಲಿ ನಿಂತವನು. ಪೂರ್ವಾರ್ಧ ಯಾವುದು ಎಂಬಲ್ಲಿ ಪಂಡಿತರಿಗೆ ಜಗಳ. 'ಅದಲ್' ಎಂದರೆ ಕುಲೀನ, 'ಹಥು' ಎಂದರೆ ಕಾಳಗ, 'ಅಲ್' ಎಂದರೆ ಎಲ್ಲ. ಹಳೆಯ ಪತ್ರಗಳಲ್ಲಿ 'ಅದೆಫೊನ್ಸುಸ್' ಎಂಬ ರೂಪ ಸಿಗುತ್ತದೆ. ಬೇರೆ ಬೇರೆ ಎರಡು ಮೂರು ಹೆಸರುಗಳು ಬಾಯಿಂದ ಬಾಯಿಗೆ ಸವೆದು ಒಂದೇ ಆದವು ಎನ್ನುವ ವಾದವೇ ನನಗೆ ಒಪ್ಪುವಂಥದ್ದು. ನಿಘಂಟಿನಲ್ಲಿ ಹುಟ್ಟುವ ಹೆಸರು ಯಾವುದಿದೆ? 'ಹಿಲ್ದ್', ಅಂದರೆ ಯುದ್ಧ, ಸೇರಿಕೊಂಡ ಸೋದರ ರೂಪವೊಂದು ಇಲ್ದೆಫೊನ್ಸೊ ಎಂದು ಬೇರೆಯಾಗಿಯೇ ಉಳಿಯಿತು. 667ರಲ್ಲಿ ತೀರಿಕೊಂಡ ತೊಲೆದೊದ ಆರ್ಚ್‌ಬಿಷಪ್ ಸಂತ ಇಲ್ದೆಫೊನ್ಸೊನ ಹಬ್ಬ ಜನವರಿ 23. ಅಲ್ಫೊನ್ಸೊ ಎಂಬ ದೊರೆಗಳೂ ತಮ್ಮ ನಾಮದಿನವನ್ನು ಅಂದೇ ಆಚರಿಸುತ್ತಿದ್ದರು. ಹುಟ್ಟುಹಬ್ಬದಷ್ಟೇ ಹೆಸರಿನ ಹಬ್ಬಕ್ಕೂ ಬೆಲೆ ಕೊಡುವ ನಾಡು ಅದು.

ವಿಚಿತ್ರವೆಂದರೆ ತೊಲೆದೊದಿಂದ ಆಳಿದ ವಿಸಿಗೋಥ ದೊರೆಗಳ ಪಟ್ಟಿಯಲ್ಲಿ ಒಬ್ಬನೇ ಒಬ್ಬ ಅಲ್ಫೊನ್ಸೊ ಇಲ್ಲ. 711ರಲ್ಲಿ ಮುಸ್ಲಿಂ ಸೈನ್ಯ ಜಿಬ್ರಾಲ್ಟರ್ ದಾಟಿ ಬಂದು ಆ ರಾಜ್ಯವೇ ಮುಗಿಯಿತು. ಗೋಥಿಕ್ ನುಡಿ ಅಲ್ಲಿನ ಜನರ ಬಾಯಿಂದ ಅಳಿಸಿಹೋಯಿತು. 739ರಲ್ಲಿ ಉತ್ತರದ ಗುಡ್ಡಗಾಡಾದ ಅಸ್ತೂರಿಯಾಸ್‌ನಲ್ಲಿ ಮೊದಲನೆಯ ಅಲ್ಫೊನ್ಸೊ ಪಟ್ಟಕ್ಕೇರಿದ. ಕಳೆದುಹೋದ ಗೋಥರ ರಾಜ್ಯಕ್ಕೆ ತಾವೇ ವಾರಸುದಾರರು ಎಂದು ಹೇಳಿಕೊಂಡ ಆ ಪುಟ್ಟ ಅರಸೊತ್ತಿಗೆಗೆ ಹೆಸರೇ ಒಂದು ದಸ್ತಾವೇಜಾಯಿತು. ಅದರ ಅರ್ಥ ಅಷ್ಟು ಹೊತ್ತಿಗೆ ಯಾರಿಗೂ ಬೇಕಿರಲಿಲ್ಲ. ಬೇಕಿದ್ದದ್ದು ಅದರ ಸದ್ದು. 1085ರಲ್ಲಿ ಆರನೆಯ ಅಲ್ಫೊನ್ಸೊ ತೊಲೆದೊವನ್ನು ಮರಳಿ ಹಿಡಿದ. ಅರಬ್ ಬರಹಗಾರರು ಈ ದೊರೆಗಳನ್ನು 'ಅದ್ಫುನ್ಶ್' ಎಂದು ಬರೆದರು. ಸ್ಪ್ಯಾನಿಷ್ ನಾಲಗೆ ಉದುರಿಸಿದ ಹಳೆಯ 'ದ'ಕಾರ ಶತ್ರುವಿನ ಬರಹದಲ್ಲಿ ಜೋಪಾನವಾಗಿ ಉಳಿದುಬಿಟ್ಟಿತು.

ಹೆಸರಿಗೆ ಹೊಸ ಅರ್ಥ ಬರೆದವನು ಹತ್ತನೆಯವನು. 'ಎಲ್ ಸಾಬಿಯೊ', ವಿದ್ವಾಂಸ ಎಂಬುದು ಅವನ ಬಿರುದು. ಅವನ ಆಸರೆಯಲ್ಲಿ ಯಹೂದಿ, ಮುಸ್ಲಿಂ, ಕ್ರೈಸ್ತ ಪಂಡಿತರು ಒಟ್ಟಿಗೆ ಕೂತು ಅರಬ್ಬಿಯ ಗ್ರಂಥಗಳನ್ನು ಕಾಸ್ತೀಲಿನ ಆಡುಮಾತಿಗೆ ತಂದರು. ಪಾಂಡಿತ್ಯವೆಂದರೆ ಲ್ಯಾಟಿನ್ ಎಂದಿದ್ದ ಕಾಲದಲ್ಲಿ ಕಾನೂನು, ಚರಿತ್ರೆ, ಖಗೋಳ ಎಲ್ಲವನ್ನೂ ಆಡುಮಾತಿನಲ್ಲಿ ಬರೆಸಿದ. ಇಂದಿನ ಸ್ಪ್ಯಾನಿಷ್ ಗದ್ಯದ ಅಡಿಪಾಯ ಅದೇ. ಅವನು ಪಟ್ಟಕ್ಕೆ ಬಂದ 1252ರಿಂದ ಲೆಕ್ಕ ಹಿಡಿದ 'ಅಲ್ಫೊನ್ಸೊ ಕೋಷ್ಟಕ'ಗಳನ್ನು ಯುರೋಪಿನ ಜೋಯಿಸರು, ಖಗೋಳಜ್ಞರು ಶತಮಾನಗಳ ಕಾಲ ಬಳಸಿದರು. ಕೊಪರ್ನಿಕಸ್ಸನ ಬಳಿಯೂ ಒಂದು ಪ್ರತಿಯಿತ್ತು. ಚಂದ್ರನ ಮೇಲಿನ ಒಂದು ಕುಳಿಗೆ ಇವನದೇ ಹೆಸರು. 1965ರ ಮಾರ್ಚ್ 24ರಂದು ಅಮೆರಿಕದ ರೇಂಜರ್-9 ನೌಕೆ ಹೋಗಿ ಅಪ್ಪಳಿಸಿದ್ದು ಅಲ್ಲೇ.

ಈ ದೊರೆಯ ಪುಸ್ತಕಗಳಲ್ಲಿ ಎರಡು ನಮಗೆ ನೆಂಟರು. ಪಟ್ಟಕ್ಕೇರುವ ಮುನ್ನ, 1251ರಲ್ಲಿ, ಅವನು ಅರಬ್ಬಿಯಿಂದ ಅನುವಾದ ಮಾಡಿಸಿದ ಕಥೆಪುಸ್ತಕದ ಹೆಸರು 'ಕಲೀಲ ಎ ದಿಮ್ನ'. ಕಲೀಲ ಯಾರು, ದಿಮ್ನ ಯಾರು? ನಮ್ಮ ಕರಟಕ, ದಮನಕ! ಪಂಚತಂತ್ರ ಪಹ್ಲವಿಗೆ ಹೋಗಿ, ಅಲ್ಲಿಂದ ಎಂಟನೆಯ ಶತಮಾನದಲ್ಲಿ ಇಬ್ನ್ ಅಲ್ ಮುಕಫ್ಫನ ಅರಬ್ಬಿಗೆ ಬಂದು, ಕೊನೆಗೆ ತೊಲೆದೊದ ನಾಡಿಗೆ ಕಾಲಿಟ್ಟಿತ್ತು. ಚಾಲುಕ್ಯರ ಆಸ್ಥಾನದಲ್ಲಿದ್ದ ದುರ್ಗಸಿಂಹ ಅದೇ ನರಿಗಳ ಕಥೆಯನ್ನು ಕನ್ನಡದಲ್ಲಿ ಹೇಳಿ ಅಷ್ಟರಲ್ಲಿ ಇನ್ನೂರು ವರ್ಷ ದಾಟಿತ್ತು. ಇನ್ನೊಂದು 1283ರ 'ಆಟಗಳ ಪುಸ್ತಕ'. ಅದರಲ್ಲಿ ಮೊದಲ ಮಣೆ ಚದುರಂಗಕ್ಕೆ. ಸ್ಪ್ಯಾನಿಷ್‌ನವರು ಚದುರಂಗಕ್ಕೆ ಇಂದಿಗೂ ಹೇಳುವ 'ಅಹೆದ್ರೆಸ್' ನಮ್ಮ 'ಚತುರಂಗ'ವೇ, ಅರಬ್ಬಿಯ 'ಶತ್ರಂಜ್' ಮೂಲಕ ಬಂದದ್ದು. ಪುಸ್ತಕ ಮುಗಿದ ಮರುವರ್ಷ ದೊರೆ ಸೆವಿಲ್ಯಾದಲ್ಲೇ ಕಣ್ಮುಚ್ಚಿದ. ಆಕಾಶ ನೋಡುತ್ತ ನೋಡುತ್ತ ಕಾಲಡಿಯ ನೆಲ ಕಳೆದುಕೊಂಡ ಎಂದು ಹಿಂದಿನಿಂದ ಆಡಿಕೊಂಡವರಿದ್ದಾರೆ. ನೆಲ ಕಳೆದುಕೊಂಡ ದೊರೆಗಳು ನೂರಾರು, ಅವರಲ್ಲಿ ಆಕಾಶ ನೋಡಿದವರು ಎಷ್ಟು ಮಂದಿ ಎಂದು ಕೇಳಬೇಕೆನಿಸುತ್ತದೆ.

ಉಳಿದವರನ್ನು ಬೇಗ ದಾಟೋಣ. ಹನ್ನೊಂದನೆಯವನು 1350ರಲ್ಲಿ ಜಿಬ್ರಾಲ್ಟರ್‌ಗೆ ಮುತ್ತಿಗೆ ಹಾಕಿದ್ದಾಗಲೇ ಪ್ಲೇಗಿಗೆ ಬಲಿಯಾದ. ಹದಿಮೂರನೆಯವನು 1886ರ ಮೇ 17ರಂದು ಹುಟ್ಟಿದ ಗಳಿಗೆಯಿಂದಲೇ ದೊರೆ, ಏಕೆಂದರೆ ತಂದೆ ತೀರಿ ಆರು ತಿಂಗಳಾಗುತ್ತ ಬಂದಿತ್ತು. 1906ರಲ್ಲಿ ಅವನ ಮದುವೆಯ ಮೆರವಣಿಗೆಯ ಮೇಲೆ ಹೂಗುಚ್ಛದಲ್ಲಿ ಅಡಗಿಸಿದ ಬಾಂಬು ಬಿತ್ತು. ದಂಪತಿ ಉಳಿದರು, ಸುತ್ತಲಿನವರು ಸತ್ತರು. ಮ್ಯಾಡ್ರಿಡ್ಡಿನ ಫುಟ್‌ಬಾಲ್ ಕ್ಲಬ್ಬಿಗೆ 1920ರಲ್ಲಿ 'ರಿಯಲ್', ಅಂದರೆ ರಾಜ ಮನ್ನಣೆಯ ಎಂಬ ಪದವಿ ಕೊಟ್ಟವನೂ ಇವನೇ. 1931ರಲ್ಲಿ ಗಣರಾಜ್ಯ ಬಂತು, ದೊರೆ ದೇಶ ಬಿಟ್ಟ, 1941ರಲ್ಲಿ ರೋಮಿನಲ್ಲಿ ಸತ್ತ. ಹದಿನಾಲ್ಕನೆಯ ಅಲ್ಫೊನ್ಸೊ ಪಟ್ಟಕ್ಕೆ ಬರಲಿಲ್ಲ. ಹೆಸರು ಮಾತ್ರ ಮೊದಲೇ ಹಡಗು ಹತ್ತಿತ್ತು. ಮೆಕ್ಸಿಕೋದಲ್ಲಿ ಅಲ್ಫೊನ್ಸೊ ಎಂಬ ಹುಡುಗನನ್ನು ಮನೆಯವರು 'ಪೊಂಚೊ' ಎಂದು ಕೂಗುತ್ತಾರೆ. 'ಗ್ರಾವಿಟಿ', 'ರೋಮಾ' ಚಿತ್ರಗಳ ನಿರ್ದೇಶಕ ಅಲ್ಫೊನ್ಸೊ ಕ್ವಾರೋನ್ ಆ ನಾಡಿನವನು.

ಗೋಥರ ಈ ಹೆಸರುಗಳ ಬಳಗವೇ ನಮ್ಮ ಕರಾವಳಿಗೂ ಬಂದಿದೆ. ಸ್ಪ್ಯಾನಿಷ್‌ನ 'ಎಸ್', ಪೋರ್ಚುಗೀಸಿನ 'ಇಶ್' ಹೆಸರಿನ ಬಾಲಕ್ಕೆ ಹತ್ತಿದರೆ 'ಇಂಥವನ ಮಗ' ಎಂದರ್ಥ. ಮಂಗಳೂರಿನ ಫೆರ್ನಾಂಡಿಸ್ ಎಂದರೆ ಫೆರ್ನಾಂದೊನ ಮಗ, ರೊಡ್ರಿಗಸ್ ರೊದ್ರಿಗೊನ ಮಗ, ಗೊನ್ಸಾಲ್ವಿಸ್ ಗೊನ್ಸಾಲೊನ ಮಗ. ಮೂರೂ ವಿಸಿಗೋಥರ ಹೆಸರುಗಳೇ. ಅಲ್ಫೊನ್ಸೊ ಮಾತ್ರ ಬಾಲ ಹಚ್ಚಿಕೊಳ್ಳದೆ ಹಾಗೆಹಾಗೇ ಮನೆತನದ ಹೆಸರಾಯಿತು.

ಅದನ್ನು ಇಲ್ಲಿಗೆ ಹೊತ್ತುತಂದವರಲ್ಲಿ ದೊಡ್ಡವನು ಅಫೊನ್ಸೊ ದ ಅಲ್ಬುಕರ್ಕ್. 1510ರಲ್ಲಿ ಬೇರೆಲ್ಲಿಗೋ ಹೊರಟಿದ್ದ ಅವನ ನೌಕಾಪಡೆಯನ್ನು ಆದಿಲ್‌ಶಾಹಿಯ ಗೋವೆಯತ್ತ ತಿರುಗಿಸಿದವನು ಹೊನ್ನಾವರದ ತಿಮ್ಮಯ್ಯ, ಪೋರ್ಚುಗೀಸರ ಬರಹದ 'ತಿಮೋಜ'. ಗೆದ್ದು, ಸೋತು, ಅದೇ ನವೆಂಬರ್ 25ರಂದು ಮತ್ತೆ ಗೆದ್ದು ಗೋವೆ ಪೋರ್ಚುಗೀಸರದಾಯಿತು. ಕಸಿ ಕಟ್ಟಿ ಬೆಳೆಸಿದ ಮಾವಿನ ತಳಿಯೊಂದಕ್ಕೆ ಇವನ ಹೆಸರೇ ಬಿತ್ತೆಂದು ಪ್ರತೀತಿ. ಅವನು ಆ ಹಣ್ಣನ್ನು ತಿಂದಿರಲಾರ. ಅವನು ಸತ್ತದ್ದು 1515ರಲ್ಲಿ, ಕಸಿಯ ಕೀರ್ತಿ ಸಲ್ಲುವ ಜೆಸ್ಯೂಟ್ ಪಾದ್ರಿಗಳು ಗೋವೆಗೆ ಬಂದದ್ದೇ 1542ರಲ್ಲಿ. ಅಫೊನ್ಸೊವಿನ 'ಫ'ಕಾರ ನಮ್ಮ ಕಡೆಯ ನಾಲಗೆಯಲ್ಲಿ 'ಪ'ಕಾರವಾಗಿ, ನಡುವಿನ 'ನ್' ಬಿದ್ದುಹೋಗಿ, ರತ್ನಾಗಿರಿಯಲ್ಲಿ ಹಾಪೂಸ್ ಆಯಿತು, ಧಾರವಾಡದ ಸಂತೆಯಲ್ಲಿ ಆಪೂಸ್ ಆಯಿತು. ಬೆಂಗಳೂರಿನವರು ಇದನ್ನೇ ಬಾದಾಮಿ ಎನ್ನುತ್ತಾರೆ.