ಪೂವಮ್ಮ ‘ಬರೀ ರಿಲೇ ಓಟಗಾರ್ತಿ’ಯೇ?

ದಸರಾ ಕ್ರೀಡಾಕೂಟದ ದಿನಗಳಲ್ಲಿ ಮೈಸೂರಿನ ಚಾಮುಂಡಿ ವಿಹಾರದ ಗ್ಯಾಲರಿಯಲ್ಲಿ ಓಟಕ್ಕಿಂತ ಮಾತೇ ಜೋರು. ಕೊಡಗಿನ ಹುಡುಗಿಯೊಬ್ಬಳು ಮುಂದೆ ಬಂದಳೋ, ‘ಅದು ಕೊಡವರ ರಕ್ತ ಬಿಡಿ’ ಎಂಬ ತೀರ್ಪು ಸಿದ್ಧ. ಅಶ್ವಿನಿ ನಾಚಪ್ಪ, ಪ್ರಮೀಳಾ ಅಯ್ಯಪ್ಪ, ಎಂ.ಆರ್. ಪೂವಮ್ಮ ಎಂದು ಹೆಸರುಗಳನ್ನು ಸಾಲಾಗಿ ಹೇಳಿದರೆ ಹಾಗೆನ್ನಿಸುವುದೂ ಸಹಜ. ಆದರೆ 1990ರಲ್ಲಿ ಗೋಣಿಕೊಪ್ಪದಲ್ಲಿ ಹುಟ್ಟಿದ ಪೂವಮ್ಮ ಓಟಗಾರ್ತಿಯಾಗಿ ಬೆಳೆದದ್ದು ಮಂಗಳೂರಿನಲ್ಲಿ, ಕಡಲ ತಡಿಯ ಸೆಕೆಯಲ್ಲಿ. ಎಲ್ಲವನ್ನೂ ರಕ್ತದ ಖಾತೆಗೆ ಬರೆದುಬಿಟ್ಟರೆ ವರ್ಷಗಟ್ಟಲೆ ಬೆವರಿದ್ದು ಯಾರ ಲೆಕ್ಕಕ್ಕೆ?

ಅವರ ಬಗ್ಗೆ ಇನ್ನೊಂದು ಉಡಾಫೆಯ ಮಾತಿದೆ: ‘ನಾಲ್ವರಲ್ಲಿ ಒಬ್ಬರಾಗಿ ಓಡಿದ್ದು, ಒಂಟಿಯಾಗಿ ಏನು ಗೆದ್ದಿದ್ದಾರೆ?’ 2013ರಲ್ಲಿ ಪುಣೆಯ ಏಷ್ಯನ್ ಚಾಂಪಿಯನ್‌ಷಿಪ್‌ನ 400 ಮೀಟರ್ ಓಟದಲ್ಲಿ ಬೆಳ್ಳಿ; ಮರುವರ್ಷ ಇಂಚಿಯಾನ್ ಏಷ್ಯನ್ ಕ್ರೀಡಾಕೂಟದಲ್ಲಿ 52.36 ಸೆಕೆಂಡುಗಳಲ್ಲಿ ಕಂಚು. ಅದೇ ಕೂಟದಲ್ಲಿ 4x400 ರಿಲೇ ಚಿನ್ನ ಗೆದ್ದ ತಂಡದಲ್ಲೂ ಅವರಿದ್ದರು. 2015ರಲ್ಲಿ ಅರ್ಜುನ ಪ್ರಶಸ್ತಿ. ಅಷ್ಟಕ್ಕೂ ರಿಲೇಯೇನು ಸುಲಭವೇ? ಸುಸ್ತಾಗಿ ಬರುವವಳ ಕೈಯಿಂದ ಬೇಟನ್ ತೆಗೆದುಕೊಂಡು, ಜನಜಂಗುಳಿಯ ನಡುವೆ ಒಳಬದಿಯ ಜಾಗ ಹಿಡಿಯಬೇಕು. ಇದಕ್ಕೆ ಕಾಲಿನ ವೇಗ ಮಾತ್ರ ಸಾಲದು.

2018ರ ಜಕಾರ್ತದ ಮಿಶ್ರ ರಿಲೇ ಪದಕ ಬೆಳ್ಳಿಯೆಂದೇ ಹಲವರ ನೆನಪು. ಅಂದು ಟಿವಿಯಲ್ಲಿ ಕಂಡದ್ದೂ ಬೆಳ್ಳಿಯೇ. ಮಹಮ್ಮದ್ ಅನಸ್, ಪೂವಮ್ಮ, ಹಿಮಾ ದಾಸ್, ಆರೋಕ್ಯ ರಾಜೀವ್ 3 ನಿಮಿಷ 15.71 ಸೆಕೆಂಡುಗಳಲ್ಲಿ ಬಹ್ರೇನ್‌ನ ಹಿಂದೆ ಗುರಿ ಮುಟ್ಟಿದ್ದರು. ಬಹ್ರೇನ್ ತಂಡದ ಕೆಮಿ ಅಡೆಕೋಯಾ ಉದ್ದೀಪನ ಮದ್ದು ಸೇವಿಸಿ ಸಿಕ್ಕಿಬಿದ್ದರು, ನಾಲ್ಕು ವರ್ಷ ನಿಷೇಧಕ್ಕೊಳಗಾದರು. 2020ರಲ್ಲಿ ಆ ಪದಕ ಚಿನ್ನವಾಯಿತು. ಇಂಚಿಯಾನ್‌ನಲ್ಲಿ ಪೂವಮ್ಮ ಕಂಚು ಗೆದ್ದ ಓಟದಲ್ಲಿ ಚಿನ್ನ ಪಡೆದವರೂ ಇದೇ ಅಡೆಕೋಯಾ. ಆ ಫಲಿತಾಂಶ ಮಾತ್ರ ಬದಲಾಗಿಲ್ಲ.

ಕಥೆ ಇಲ್ಲಿಗೆ ನಿಂತಿದ್ದರೆ ಅಭಿಮಾನಿಗಳಿಗೆ ಹಿತವಾಗಿರುತ್ತಿತ್ತು. 2021ರ ಫೆಬ್ರವರಿಯಲ್ಲಿ ಪಟಿಯಾಲದಲ್ಲಿ ಕೊಟ್ಟ ಮಾದರಿಯಲ್ಲಿ ಪೂವಮ್ಮ ಅವರೇ ಸಿಕ್ಕಿಬಿದ್ದರು. ಪತ್ತೆಯಾದದ್ದು ಮೀಥೈಲ್‌ಹೆಕ್ಸಾನಮೈನ್ ಎಂಬ ಉತ್ತೇಜಕ. ‘ಮೂರು ತಿಂಗಳ ಶಿಕ್ಷೆ, ಅಲ್ಲಿಗೆ ಮುಗೀತು’ ಎನ್ನುವವರು ಅರ್ಧ ಸುದ್ದಿಯನ್ನಷ್ಟೇ ಓದಿದವರು. 2022ರಲ್ಲಿ ಮೇಲ್ಮನವಿ ಸಮಿತಿ ಅದನ್ನು ಎರಡು ವರ್ಷಕ್ಕೆ ಏರಿಸಿತು. ‘ಹಾಗಾದರೆ ಗೆದ್ದ ಪದಕಗಳೆಲ್ಲ ಹೋದವು’ ಎನ್ನುವವರದೂ ತಪ್ಪು ಲೆಕ್ಕ. 2014 ಮತ್ತು 2018ರ ಏಷ್ಯನ್ ಕೂಟದ ಪದಕಗಳು ಹಾಗೇ ಉಳಿದಿವೆ. ಆ ಪದಕಗಳಿಗಾಗಿ ಈ ನಿಷೇಧವನ್ನು ಮುಚ್ಚಿಡಬೇಕಿಲ್ಲ, ಈ ನಿಷೇಧಕ್ಕಾಗಿ ಆ ಪದಕಗಳನ್ನು ಅಳಿಸಬೇಕಿಲ್ಲ.

ನಿಷೇಧದ ಜೊತೆಗೇ ಓಟವೂ ಮುಗಿಯಿತು ಎಂದುಕೊಂಡವರೂ ಉಂಟು. 2024ರ ಮೇ ತಿಂಗಳಲ್ಲಿ ಬಹಾಮಾಸ್‌ನಲ್ಲಿ ನಡೆದ ವಿಶ್ವ ರಿಲೇಯಲ್ಲಿ 3 ನಿಮಿಷ 29.35 ಸೆಕೆಂಡುಗಳಲ್ಲಿ ಓಡಿ ಒಲಿಂಪಿಕ್ಸ್ ಅರ್ಹತೆ ಗಳಿಸಿದ ಭಾರತದ ಮಹಿಳಾ ತಂಡದಲ್ಲಿ ಪೂವಮ್ಮ ಇದ್ದರು. ಪ್ಯಾರಿಸ್‌ನಲ್ಲಿ ತಂಡ ಹೀಟ್ಸ್ ದಾಟಲಿಲ್ಲ. ಅಲ್ಲೂ ಬೇಟನ್ ಹಿಡಿದು ಒಂದು ಸುತ್ತು ಓಡಿದಾಗ ಅವರಿಗೆ 34 ವರ್ಷ.